ಬಿಸಿಲಿಗಾಗಿ ಒಂದು ಹರಕೆ

ಮಧ್ಯಾಹ್ನಕ್ಕೇ ದೀಪ ಹಚ್ಚಬೇಕಾದ ಬರ್ಮಿಂಗ್‌ಹ್ಯಾಮಿನ ಹಾರ್ಬೋರ್ನ್ ಬಡಾವಣೆಯ ಚಳಿಗಾಲದಲ್ಲೂ ಅವರ ಕಣ್ಣ ಮೇಲೆ ಅಗಲವಾದ ತಂಪು ಕನ್ನಡಕವಿರುತ್ತಿತ್ತು. ಮಗನ ಮನೆಯಲ್ಲಿ ನೆಲೆನಿಂತ ನನಗೆ ಆ ಫಿಲಿಪೀನ್ಸಿನ ಚಿತ್ರನಿರ್ಮಾಪಕರು ಪಕ್ಕದ ಮನೆಯವರು. ಮನಿಲಾದಲ್ಲಿ ಒಂದು ಕಾಲಕ್ಕೆ ಅವರ ಚಿತ್ರಗಳಿಗೆ ಜನ ಮುಗಿಬೀಳುತ್ತಿದ್ದರಂತೆ. ತೊಂಬತ್ತರ ದಶಕದ ಕೊನೆಗೆ ಕಂಪನಿ ಮುಳುಗಿತು. ನರ್ಸ್ ಆಗಿದ್ದ ಪತ್ನಿಗೆ ಇಲ್ಲಿಯ ಆಸ್ಪತ್ರೆಯಲ್ಲಿ ಕೆಲಸ ದೊರೆತು, ಆಕೆಯ ಹಿಂದೆ ಇವರೂ ಬಂದರು.

"ಪ್ರೊಡ್ಯೂಸರ್ ಅಂದ್ರೆ ಯಾರು ಗೊತ್ತಾ, ಕುಯಾ?" ಎನ್ನುತ್ತಿದ್ದರು. ಕುಯಾ ಎಂದರೆ ಅವರ ನುಡಿಯಲ್ಲಿ ಅಣ್ಣ. "ಎಲ್ಲರದ್ದೂ ಊಟ ಆಯ್ತಾ ಅಂತ ನೋಡಿ, ಕೊನೇಲಿ ತಟ್ಟೆ ಹಿಡಿಯೋನು."

ಶ್ವಾಸಕೋಶದ ರೋಗ ಕೈಮೀರಿದೆಯೆಂದು ವೈದ್ಯರು ತಿಳಿಸಿದ ಮೇಲೆ ಅವರು ಕಡೆಯದೊಂದು ಚಿತ್ರಕ್ಕೆ ತೊಡಗಿದರು. ಪುಟ್ಟ ವಿಡಿಯೊ ಕ್ಯಾಮೆರಾ. ಪತ್ನಿಯ ಜೊತೆಯ ನರ್ಸುಗಳೇ ನಟಿಯರು. ಆಸ್ಪತ್ರೆಯ ಪಾಳಿಪಟ್ಟಿ ನೋಡಿಯೇ ಮುಹೂರ್ತ. ಕೊನೆಯ ದೃಶ್ಯವೊಂದು ಉಳಿದಿತ್ತು: ನಾಯಕಿ ಪಾರ್ಕಿನಲ್ಲಿ ನಿಂತು, ದೂರದ ತಾಯಿಗೆ ಫೋನಿನಲ್ಲಿ "ಇಲ್ಲಿ ಬಿಸಿಲಿದೆ, ಸುಖವಾಗಿದ್ದೇನೆ" ಎನ್ನಬೇಕು. ಎಲ್ಲರಿಗೂ ಬಿಡುವಿದ್ದುದು ಒಂದೇ ಶನಿವಾರ. ಆ ವಾರವೆಲ್ಲ ಮಳೆ.

ಶುಕ್ರವಾರ ಅವರು ಏದುಸಿರು ಬಿಡುತ್ತ ನಮ್ಮ ಬಾಗಿಲಿಗೆ ಬಂದರು. ಕೈಯಲ್ಲಿ ಮೊಟ್ಟೆಗಳ ಪೆಟ್ಟಿಗೆ. ಹೊರಗಿನ ಚಿತ್ರೀಕರಣಕ್ಕೆ ಮೊದಲು ಸಂತ ಕ್ಲಾರಾಳ ಹೆಸರಿನಲ್ಲಿ ಸನ್ಯಾಸಿನಿಯರಿಗೆ ಮೊಟ್ಟೆ ಒಪ್ಪಿಸಿ, ಮಳೆ ಬಾರದಿರಲೆಂದು ಪ್ರಾರ್ಥಿಸಿರೆನ್ನುವುದು ಅವರ ನಾಡಿನ ಪದ್ಧತಿ. ಇಲ್ಲಿಯ ಸನ್ಯಾಸಿನಿಯರ ಕಾನ್ವೆಂಟ್ ಇದ್ದುದು ದಿಣ್ಣೆಯ ಮೇಲೆ.

"ನನ್ನಿಂದ ಹತ್ತೋಕಾಗಲ್ಲ, ಕುಯಾ. ನಮ್ಮವಳು ಡ್ಯೂಟೀಲಿದ್ದಾಳೆ. ಇನ್ನೊಂದು ಶನಿವಾರ ನನ್ನ ಪಾಲಿಗಿಲ್ಲ."

ಜನ್ಮದಲ್ಲಿ ಮೊಟ್ಟೆ ಮುಟ್ಟಿದವನಲ್ಲ ನಾನು. ಕೈಚಾಚಿದೆ. ಸೊಸೆ ಅಡುಗೆಮನೆಯಿಂದ ಇಣುಕಿದಳು.

"ಮಾವ, ಫ್ರಿಜ್ಜಲ್ಲಿ ಒಂದು ಮೊಟ್ಟೆ ಇಡೋಕೆ ಬಿಡಲ್ಲ, ಈಗ ಪೆಟ್ಟಿಗೇನೇ ಹೊತ್ಕೊಂಡು ಹೊರಟ್ರಾ?"

"ಇದು ನೈವೇದ್ಯ ಕಣಮ್ಮ."

"ಹಾಗಾದ್ರೆ ಹುಷಾರು. ಒಡೆದ್ರೆ ಸ್ನಾನ ಮಾಡ್ದೆ ಒಳಗೆ ಬರಲ್ಲ ನೀವು!"

ನಾಮಸ್ಮರಣೆ ಮಾಡುತ್ತ ದಿಣ್ಣೆ ಹತ್ತಿದೆ. ಬಾಗಿಲು ತೆರೆದ ವೃದ್ಧ ಸನ್ಯಾಸಿನಿ ಎಲ್ಲವನ್ನೂ ಕೇಳಿ, "ಬರ್ಮಿಂಗ್‌ಹ್ಯಾಮಲ್ಲಿ ಬಿಸಿಲಾ? ಬೇಡ್ಕೋತೀವಿ. ಮಾತು ಮಾತ್ರ ಕೊಡಲ್ಲ," ಎಂದರು.

ಶನಿವಾರ ಬೆಳಗಿನಿಂದಲೇ ಜಿಟಿಜಿಟಿ. ಪಾರ್ಕಿನಲ್ಲಿ ಕೊಡೆಗಳಡಿ ಕಾದೆವು. ಅವರು ಕೆಮ್ಮುತ್ತ ಮತ್ತೆ ಮತ್ತೆ ಆಕಾಶ ನೋಡುತ್ತಿದ್ದರು.

"ಮಳೇಲೇ ತೆಗೆದುಬಿಡಿ, ಕೈ ಮುಗೀತೀನಿ," ಎಂದು ಪತ್ನಿ ಅಂಗಲಾಚಿದರು.

"ಆಗ ಆ ಹುಡುಗಿ ಹೆತ್ತವಳಿಗೆ ಸುಳ್ಳು ಹೇಳಿದ ಹಾಗಾಗುತ್ತೆ. ನನ್ನ ಕೊನೇ ಮಾತು ಸುಳ್ಳಾಗೋದು ಬೇಡ."

ಬೆಳಕು ಇಳಿಯಿತು. ನರ್ಸುಗಳು ಒಬ್ಬೊಬ್ಬರಾಗಿ ರಾತ್ರಿ ಪಾಳಿಗೆ ಹೊರಟರು. ಆ ತಿಂಗಳು ಕಳೆಯುವ ಮೊದಲೇ ನಿರ್ಮಾಪಕರು ತೀರಿಕೊಂಡರು.

ಮುಂದೊಂದು ದಿನ ಅವರ ಚರ್ಚಿನ ಸಭಾಂಗಣದಲ್ಲಿ ಪತ್ನಿ ಆ ಚಿತ್ರವನ್ನು ತೋರಿಸಿದರು. ಕೊನೆಯಲ್ಲಿ, ಆ ಶನಿವಾರ ಯಾರೋ ಆಫ್ ಮಾಡಲು ಮರೆತಿದ್ದ ಕ್ಯಾಮೆರಾ ಕಂಡದ್ದು ಮಾತ್ರವಿತ್ತು. ಚಳಿಗೆ ನಡುಗುವ ಆ ಹುಡುಗಿಯ ತಲೆಯ ಮೇಲೆ ತಮ್ಮ ಕೋಟನ್ನು ಎರಡೂ ಕೈಗಳಿಂದ ಎತ್ತಿ ಹಿಡಿದು, ತಾವು ತೊಯ್ದು ನಿಂತಿದ್ದರು ನಿರ್ಮಾಪಕರು. ಅಷ್ಟು ಚಿತ್ರಗಳನ್ನು ಮಾಡಿದವರು ತೆರೆಯ ಮೇಲೆ ಕಂಡದ್ದು ಅದೊಂದೇ ಸಲ.

"ಇದನ್ನ ಕತ್ತರಿಸೋಕೆ ಮನಸ್ಸು ಬರ್ಲಿಲ್ಲ, ಕುಯಾ," ಎಂದರು ಆಕೆ.

ದೇವರ ಮುಂದಲ್ಲದೆ ಬೇರೆಲ್ಲೂ ನಾನು ಕೈ ಮುಗಿದು ಎದ್ದು ನಿಂತವನಲ್ಲ. ಅಂದು ನಿಂತೆ, ತೆರೆ ಬರಿದಾಗುವವರೆಗೂ ಮುಗಿದ ಕೈ ಇಳಿಸಲಾಗಲಿಲ್ಲ.