ಎಕ್ಸಿಲೇಟರ್ ಮುಟ್ಟದ ಹತ್ತು ನಿಮಿಷ

ಕುಂಬಳೆ ಹತ್ತಿರದ ಸೀತಾಂಗೋಳಿಯಲ್ಲಿ ಗ್ಯಾರೇಜು ಹಾಕಿದಾಗ ನನಗೆ ಇಪ್ಪತ್ತಮೂರು ವರ್ಷ. ಗ್ಯಾರೇಜು ಎಂದರೆ ನಾಲ್ಕು ಕಂಬ, ಮೇಲೆ ಶೀಟು, ಕೆಳಗೆ ಆಯಿಲು ಕುಡಿದ ಮಣ್ಣು. ಐದನೇ ಕ್ಲಾಸಿನಲ್ಲಿ ಶಾಲೆ ಬಿಟ್ಟವನಿಗೆ ಅಷ್ಟು ಸಾಕು. ಅಂಬಾಸಿಡರು, ಪೆಟ್ರೋಲ್ ಜೀಪು, ಆಟೋ ಯಾವುದು ಬಂದರೂ ನನ್ನ ಹತ್ತಿರ ಇದ್ದದ್ದು ಒಂದೇ ಮದ್ದು. ಕಾರ್ಬೊರೇಟರ್ ಬಿಚ್ಚುವುದು, ಪೆಟ್ರೋಲಿನಲ್ಲಿ ತೊಳೆಯುವುದು, ಊದುವುದು, ಪುನಃ ಕಟ್ಟಿ ಜೋರಾಗಿ ರೇಸ್ ಕೊಡುವುದು. ಹತ್ತರಲ್ಲಿ ಎಂಟು ಗಾಡಿ ಸರಿಯಾಗುತ್ತಿದ್ದವು. ಉಳಿದ ಎರಡರ ಓನರುಗಳಿಗೆ ಗಾಡಿ ಇಡಲಿಕ್ಕೆ ಗೊತ್ತಿಲ್ಲ ಎಂದು ಹೇಳಿ ಕಳಿಸುತ್ತಿದ್ದೆ.

ಎರಡು ಸಾವಿರ ಇಸವಿ ಹತ್ತಿರ ಬಂದಿತ್ತು. ಪ್ರಪಂಚದ ಕಂಪ್ಯೂಟರೆಲ್ಲ ಹಾಳಾಗುತ್ತವಂತೆ ಎಂದು ಚಾದ ಅಂಗಡಿಯಲ್ಲಿ ಮಾತಾಡುತ್ತಿದ್ದರು. ನನಗೆ ಅದರ ಚಿಂತೆ ಇರಲಿಲ್ಲ, ನನ್ನ ಗ್ಯಾರೇಜಿನಲ್ಲಿ ಕಂಪ್ಯೂಟರ್ ಇರಲಿಲ್ಲ. ಆಗ ಬಾಯಮ್ಮನ ಕಾರು ಬಂತು.

ಕ್ರಿಶ್ಚನ್ ಮನೆಯ ಹೆಂಗಸರನ್ನು ನಾವು ಬಾಯಮ್ಮ ಎನ್ನುವುದು, ಗಂಡಸರನ್ನು ಪೊರ್ಬುಗಳು ಎನ್ನುವುದು. ಈ ಬಾಯಮ್ಮ ಕುವೈಟಿನಲ್ಲಿ ಇಪ್ಪತ್ತು ವರ್ಷಕ್ಕಿಂತ ಹೆಚ್ಚು ನರ್ಸ್ ಆಗಿದ್ದವರು. ಗಂಡ ಅಲ್ಲೇ ತೀರಿಹೋಗಿದ್ದರು. ಮಕ್ಕಳಿರಲಿಲ್ಲ. ಊರಿಗೆ ಬರುವಾಗ ಬಂಗಾರ ತರುವ ಬದಲು ತಾವು ಓಡಿಸುತ್ತಿದ್ದ ಕಾರನ್ನೇ ಹಡಗಿನಲ್ಲಿ ಹಾಕಿಸಿಕೊಂಡು ಬಂದಿದ್ದರು. ಬಿಳಿ ಕಾರು. ಸ್ಟೇರಿಂಗು ಎಡಗಡೆ. ಗೇರು ತಾನಾಗಿಯೇ ಬೀಳುತ್ತದೆ, ಕ್ಲಚ್ಚಿಲ್ಲ.

ಗಂಡನ ತಮ್ಮ, ಅಂದರೆ ನಮ್ಮ ಪೊರ್ಬುಗಳು, ಅದೇ ಮನೆಯಲ್ಲಿದ್ದರು. ಅವರಿಗೆ ಸೈಕಲ್ ಬಿಟ್ಟು ಬೇರೆ ಏನೂ ಓಡಿಸಲು ಬರುತ್ತಿರಲಿಲ್ಲ. ಆದಿತ್ಯವಾರ ಇಗರ್ಜಿಗೆ ಹೋಗುವಾಗ ಬಲಗಡೆಯ ಸೀಟಿನಲ್ಲಿ ಕೂರುತ್ತಿದ್ದರು. ಬಲಗಡೆ ಕೂತವನೇ ಡ್ರೈವರ್ ಎಂದು ತಿಳಿದ ಜನ ಅವರಿಗೆ ಕೈ ಎತ್ತುತ್ತಿದ್ದರು. ಅವರೂ ಗಂಭೀರವಾಗಿ ಕೈ ಎತ್ತುತ್ತಿದ್ದರು. ಪಕ್ಕದಲ್ಲಿ ಕೂತು ಓಡಿಸುತ್ತಿದ್ದದ್ದು ಅತ್ತಿಗೆ ಎಂದು ಊರಿಗೆ ಗೊತ್ತಾದ ಮೇಲೆ ಅವರಿಗೆ ನಮ್ಮ ರೋಡು ಭಾರಿ ಅಪಾಯದ್ದು ಎಂದು ಕಾಣತೊಡಗಿತು. ಐವತ್ತು ದಾಟಿದ ಹೆಂಗಸು ಓಡಿಸುವುದು ಸರಿಯಲ್ಲ, ಒಬ್ಬ ಡ್ರೈವರನ್ನು ಇಡುವ ಎಂದು ದಿನಾ ಹೇಳುತ್ತಿದ್ದರಂತೆ. ಬಾಯಮ್ಮ ಕೇಳಿಸಿಕೊಳ್ಳದವರ ಹಾಗೆ ಕೀ ತೆಗೆದುಕೊಂಡು ಹೋಗುತ್ತಿದ್ದರು.

ಕಾರಿನ ಕಾಯಿಲೆ ಸಣ್ಣದು. ಬ್ರೇಕ್ ಹಿಡಿದು ನಿಲ್ಲಿಸಿದಾಗ ಇಂಜಿನ್ ಆಫ್ ಆಗುತ್ತಿತ್ತು. ಮಂಗಳೂರಿಗೆ ಕೊಂಡುಹೋಗುವ ಎಂದರು ಬಾಯಮ್ಮ. ಅಷ್ಟು ದೂರ ಯಾಕೆ, ನಾನಿಲ್ಲವಾ ಎಂದೆ.

ಬಾನೆಟ್ ಎತ್ತಿದೆ. ಕಾರ್ಬೊರೇಟರ್ ಇರಲಿಲ್ಲ. ಎಕ್ಸಿಲೇಟರ್ ಪೆಡಲಿನಿಂದ ಇಂಜಿನಿಗೆ ಕೇಬಲ್ ಕೂಡ ಇರಲಿಲ್ಲ, ಬರೀ ವಯರು. ಕಾಲು ಎಷ್ಟು ಒತ್ತಿತು ಎಂದು ಆ ವಯರು ಕಂಪ್ಯೂಟರಿಗೆ ಹೇಳುವುದು, ಕಂಪ್ಯೂಟರ್ ಹೇಳಿದಷ್ಟು ಒಂದು ಸಣ್ಣ ಮೋಟಾರು ಗಾಳಿಯ ಬಾಗಿಲನ್ನು ತೆರೆಯುವುದು. ಇದೆಲ್ಲ ನನಗೆ ಆಮೇಲೆ ಗೊತ್ತಾದದ್ದು. ಅವತ್ತು ಕಂಡದ್ದು ಕೊಳವೆಯೊಳಗಿನ ಸಣ್ಣ ತಟ್ಟೆಯಂಥ ಬಾಗಿಲು, ಅದರ ಸುತ್ತ ಕಪ್ಪು ಮಸಿ. ಮಸಿ ಕಂಡರೆ ಕೈ ಸುಮ್ಮನಿರುತ್ತದಾ. ಬಿಚ್ಚಿ ಪೆಟ್ರೋಲಿನಲ್ಲಿ ಮುಳುಗಿಸಿ, ಬ್ರಶ್ಶು ಹಾಕಿ, ಹೊಸ ಪಾತ್ರೆಯ ಹಾಗೆ ಬೆಳಗಿದೆ. ಕಟ್ಟಿ ಸ್ಟಾರ್ಟ್ ಮಾಡಿದರೆ ಇಂಜಿನ್ ಆಫ್ ಆಗಲಿಲ್ಲ. ಬದಲಿಗೆ ನಿಂತಲ್ಲೇ ಕಿರುಚುತ್ತಿತ್ತು. ಸ್ಪೀಡು ಇಳಿಸುವ ಸ್ಕ್ರೂ ಹುಡುಕಿದೆ. ಅಂಥದ್ದು ಅದರಲ್ಲಿ ಇರಲಿಲ್ಲ.

ತೊಳೆದ ಮೇಲೆ ಇಂಜಿನಿಗೆ ಉಸಿರು ಬಂದಿದೆ, ನಾಲ್ಕು ದಿನದಲ್ಲಿ ಸರಿಯಾಗುತ್ತದೆ ಎಂದು ಹೇಳಿ ಕಾರು ಕೊಟ್ಟೆ. ಸರಿಯಾಗುತ್ತದೆ ಎಂದು ನನಗೆ ನಂಬಿಕೆ ಇರಲಿಲ್ಲ. ಸ್ಕ್ರೂ ಸಿಗಲಿಲ್ಲ ಎಂದು ಹೇಳಲು ನಾಚಿಕೆಯಾಗಿತ್ತು.

ಮರುದಿನ ಬೆಳಿಗ್ಗೆ ಬಾಯಮ್ಮ ಶೆಡ್ಡಿನಲ್ಲಿ ಕಾರು ಸ್ಟಾರ್ಟ್ ಮಾಡಿ, ಗೇರು ಹಾಕಿ, ಬ್ರೇಕಿನಿಂದ ಕಾಲು ತೆಗೆದಿದ್ದಾರೆ. ತಣ್ಣಗಿನ ಇಂಜಿನ್ ಹಿಂದಿನ ದಿನಕ್ಕಿಂತಲೂ ಜೋರಿನಲ್ಲಿತ್ತು, ಕಾರು ಹಾರಿ ಅಂಗಳ ದಾಟಿ ಹಂದಿಗೂಡಿನ ಗೋಡೆಗೆ ಗುದ್ದಿತು. ಗೋಡೆ ಬಿತ್ತು. ಎರಡು ಹಂದಿಗಳು ಪಕ್ಕದವರ ಮರಗೆಣಸಿನ ಗದ್ದೆಗೆ ಹೋದವು. ಮನುಷ್ಯರಿಗೆ ಏನೂ ಆಗಲಿಲ್ಲ. ಕಾರಿನ ಬಂಪರು ನೆಗ್ಗಿತು.

ಹಂದಿ ಹಿಡಿದು ಮುಗಿಯುವ ಮೊದಲೇ ಪೊರ್ಬುಗಳು ನನ್ನ ಗ್ಯಾರೇಜಿಗೆ ಬಂದರು. ಮುಖದಲ್ಲಿ ಬೇಜಾರಿಗಿಂತ ಖುಷಿ ಹೆಚ್ಚಿತ್ತು.

"ನೀನೇ ಹೇಳು ಮಾರಾಯ, ತಪ್ಪು ಗಾಡಿಯದ್ದಾ, ಹೆಂಗಸರ ಕಾಲಿನದ್ದಾ?"

ಗಾಡಿಯದ್ದು ಎಂದರೆ ನನ್ನದು.

"ಕಾಲಿನದ್ದೇ ಪೊರ್ಬುಗಳೇ. ಬ್ರೇಕ್ ಅಂತ ಎಕ್ಸಿಲೇಟರ್ ಒತ್ತಿರ್ತಾರೆ."

ಅವರು ಅಷ್ಟನ್ನು ತೆಗೆದುಕೊಂಡು ಹೋದರು. ಮನೆಗೆ ಹೋಗಿ ಮೆಕ್ಯಾನಿಕ್ಕೇ ಹೇಳಿದ್ದಾನೆ ಎಂದು ಕೀ ಕಿಸೆಗೆ ಹಾಕಿಕೊಂಡರು. ಕುಂಬಳೆ ಸ್ಟ್ಯಾಂಡಿನಲ್ಲಿ ಇಪ್ಪತ್ತು ವರ್ಷ ಅಂಬಾಸಿಡರ್ ಟ್ಯಾಕ್ಸಿ ಓಡಿಸಿದ ಒಬ್ಬ ಡ್ರೈವರನ್ನು ಮಾತಾಡಿಸಿಯೂ ಬಂದರು. ನನ್ನ ಜೀವಮಾನದಲ್ಲಿ ನನ್ನ ಮಾತಿಗೆ ಅಷ್ಟು ಬೆಲೆ ಬಂದದ್ದು ಅದೇ ಮೊದಲು.

ಒಂದು ವಾರ ಕಳೆದು ಬಾಯಮ್ಮ ಗ್ಯಾರೇಜಿಗೆ ಬಂದರು. ಕಾರಿಲ್ಲದೆ, ಬಸ್ಸಿನಲ್ಲಿ. ಕೈಯಲ್ಲಿ ಕ್ಯಾಲೆಂಡರಿನ ಹರಿದ ಹಾಳೆ. ಅದರ ಹಿಂದೆ ಕನ್ನಡದಲ್ಲಿ ಏನೋ ಬರೆದಿತ್ತು. ಬೈಯುತ್ತಾರೆ ಎಂದು ಜೀಪಿನ ಅಡಿಗೆ ನುಗ್ಗಿದೆ. ಅವರು ಬಗ್ಗಿ ಕೇಳಿದರು.

"ನೀನು ಅದನ್ನು ತೊಳೆದೆ ಅಲ್ವಾ. ತೊಳೆದ ಮೇಲೆ ಅದಕ್ಕೆ ಕಲಿಸಿದ್ದೀಯಾ?"

"ಕಾರಿಗೆ ಎಂತ ಕಲಿಸುವುದು ಬಾಯಮ್ಮ?"

"ಸುಮ್ಮನೆ ನಿಲ್ಲುವುದು ಹೇಗೆ ಅಂತ."

ಕುವೈಟಿನಲ್ಲಿ ಆ ಕಾರಿನ ಸರ್ವಿಸು ಮಾಡುತ್ತಿದ್ದ ಮಲಯಾಳಿ ಫೋರ್‌ಮನ್ನಿಗೆ ಅವರು ಬೂತಿನಿಂದ ಫೋನ್ ಮಾಡಿದ್ದರು. ಅವನು ಹೇಳಿದ್ದನ್ನೆಲ್ಲ ಬರೆದುಕೊಂಡಿದ್ದರು. ಮಸಿ ಕಟ್ಟಿದಾಗ ಗಾಳಿ ಹೋಗುವ ಸಂದು ಸಣ್ಣದಾಗುತ್ತದೆ. ಆಗ ಕಂಪ್ಯೂಟರು ಬಾಗಿಲನ್ನು ಸ್ವಲ್ಪ ಜಾಸ್ತಿ ತೆರೆದಿಡಲು ಕಲಿಯುತ್ತದೆ. ಮಸಿ ತೆಗೆದ ವಿಷಯ ಅದಕ್ಕೆ ಗೊತ್ತಿಲ್ಲ. ಅದು ಹಳೇ ಲೆಕ್ಕದಲ್ಲೇ ತೆರೆದಿಡುತ್ತದೆ, ಗಾಳಿ ಜಾಸ್ತಿ ನುಗ್ಗುತ್ತದೆ, ಇಂಜಿನ್ ಕಿರುಚುತ್ತದೆ. ನನಗೆ ಅರ್ಥವಾಗದ್ದು ಕಂಡು ಅವರು ತಮ್ಮ ಕೆಲಸದ ಭಾಷೆಯಲ್ಲಿ ಹೇಳಿದರು. ಜ್ವರ ಬಿಟ್ಟ ಮೇಲೂ ಜ್ವರದ ಡೋಸೇ ಕೊಡುತ್ತಾ ಇದ್ದ ಹಾಗೆ.

ಅದು ಅರ್ಥವಾಯಿತು. ಪೊರ್ಬುಗಳಿಗೆ ನಾನು ಏನು ಹೇಳಿದ್ದೆ ಎಂದು ಬಾಯಮ್ಮನಿಗೆ ಗೊತ್ತಿತ್ತು. ಅದನ್ನು ಅವರು ಎತ್ತಲಿಲ್ಲ. ಎತ್ತಿದ್ದರೆ ಜಗಳ ಮಾಡಿ ತಪ್ಪಿಸಿಕೊಳ್ಳುತ್ತಿದ್ದೆ.

ಮರುದಿನ ಅವರ ಅಂಗಳಕ್ಕೆ ಹೋದೆ. ಟ್ಯಾಕ್ಸಿ ಡ್ರೈವರೂ ಬಂದಿದ್ದ. ಕೆಲಸಕ್ಕೆ ಸೇರುವ ಮೊದಲು ಗಾಡಿ ನೋಡಲಿಕ್ಕೆ. ಪೊರ್ಬುಗಳು ಕಿಸೆಯಿಂದ ಕೀ ತೆಗೆದು ನನ್ನ ಕೈಗೆ ಕೊಟ್ಟರು. ಅತ್ತಿಗೆಗೆ ಮಾತ್ರ ಕೊಡಬಾರದು ಎಂದು ಎಲ್ಲರ ಎದುರೇ ಹೇಳಿದರು.

ಬಾಯಮ್ಮ ಹಾಳೆ ನೋಡಿ ಓದಿದರು. ಇಂಜಿನ್ ಬಿಸಿ ಮಾಡಿ ಆಫ್ ಮಾಡಬೇಕು. ಎಸಿ, ಲೈಟು, ರೇಡಿಯೋ ಎಲ್ಲ ಆಫ್ ಇರಬೇಕು. ಸ್ಟಾರ್ಟ್ ಮಾಡದೆ ಕೀ ಮಾತ್ರ ಆನ್ ಮಾಡಿ ಸ್ವಲ್ಪ ಕಾಯಬೇಕು. ಆಫ್ ಮಾಡಿ ಪುನಃ ಕಾಯಬೇಕು. ಆಮೇಲೆ ಸ್ಟಾರ್ಟ್ ಮಾಡಿ ಹತ್ತು ನಿಮಿಷ ಬಿಡಬೇಕು. ಮೊದಲಿನಿಂದ ಕೊನೆಯವರೆಗೆ ಎಕ್ಸಿಲೇಟರ್ ಮುಟ್ಟಬಾರದು. ಆ ಕೊನೆಯ ಸಾಲಿನ ಅಡಿಗೆ ಎರಡು ಗೆರೆ ಎಳೆದಿದ್ದರು. ಮುಟ್ಟಿದರೆ ಮೊದಲಿನಿಂದ ಪುನಃ.

ನನಗೆ ನಗು ಬಂತು. ಇಷ್ಟೇನಾ. ಇದರಲ್ಲಿ ಮೆಕ್ಯಾನಿಕ್ಕಿಗೆ ಕೆಲಸವೇ ಇಲ್ಲವಲ್ಲ.

ಕೂತೆ. ಹೇಳಿದ ಹಾಗೆ ಕೀ ಆನ್ ಮಾಡಿದೆ, ಆಫ್ ಮಾಡಿದೆ, ಕಾದೆ. ಸೆಲ್ಫ್ ಹೊಡೆದೆ.

"ನೀನು ತುಳಿದೆ," ಎಂದರು ಕಿಟಕಿಯ ಹತ್ತಿರ ನಿಂತ ಬಾಯಮ್ಮ.

"ಇಲ್ಲ ಬಾಯಮ್ಮ."

"ಎರಡು ಸಲ."

ಇಲ್ಲವೆಂದು ಆಣೆ ಹಾಕಲು ಹೊರಟವನು ಕಾಲು ನೋಡಿದೆ. ಪೆಡಲಿನ ಮೇಲೆಯೇ ಇತ್ತು. ನಮ್ಮ ಊರಿನಲ್ಲಿ ಎಕ್ಸಿಲೇಟರನ್ನು ಎರಡು ಸಲ ತುಳಿಯದೆ ಸೆಲ್ಫ್ ಹೊಡೆಯುವ ಗಂಡಸು ಆಗ ಇರಲಿಲ್ಲ. ಕಾರ್ಬೊರೇಟರಿಗೆ ಪೆಟ್ರೋಲು ಹೋಗಲಿ ಎಂದು. ಡ್ರೈವಿಂಗ್ ಕಲಿಸುವವರು ಸ್ಟೇರಿಂಗಿಗೆ ಕೈ ಮುಗಿಯಲು ಕಲಿಸಿದ ಮೇಲೆ ಕಲಿಸುವುದು ಇದನ್ನೇ. ಆಮೇಲೆ ಅದನ್ನು ನಾವು ಮಾಡುವುದಲ್ಲ, ಕಾಲೇ ಮಾಡಿಕೊಳ್ಳುತ್ತದೆ.

ಎರಡನೆಯ ಸಲ ಚಪ್ಪಲಿ ಕಳಚಿ ಸೀಟಿನ ಮೇಲೆ ಚಕ್ಕಳಮಕ್ಕಳ ಹಾಕಿ ಕೂತೆ, ಊಟಕ್ಕೆ ಕೂತವನ ಹಾಗೆ. ಸ್ಟಾರ್ಟ್ ಆಯಿತು. ಕಿರುಚಿತು. ಮೂರು ನಾಲ್ಕು ನಿಮಿಷ ಕಿರುಚಿ ಮೆಲ್ಲಗೆ ಇಳಿಯತೊಡಗಿತು. ಇಳಿದು ಇಳಿದು ನಡುಗಿತು, ಇನ್ನೇನು ಆಫ್ ಆಗುತ್ತದೆ ಎನ್ನುವಷ್ಟು. ಸಾಯುತ್ತಿರುವ ಇಂಜಿನಿನ ಸದ್ದು ಕೇಳಿಯೂ ಸುಮ್ಮನೆ ಕೂರಲು ನನಗೆ ಯಾರೂ ಕಲಿಸಿರಲಿಲ್ಲ. ಮಡಚಿದ ಕಾಲು ಯಾವಾಗ ಕೆಳಗೆ ಇಳಿಯಿತೋ ಗೊತ್ತಿಲ್ಲ, ಒಂದು ಒಳ್ಳೇ ರೇಸ್ ಕೊಟ್ಟು ಇಂಜಿನನ್ನು ಬದುಕಿಸಿದೆ. ಕಾರು ಪುನಃ ಕಿರುಚಿತು. ಬಾಯಮ್ಮ ಹಾಳೆ ಮಡಚಿದರು.

ಟ್ಯಾಕ್ಸಿ ಡ್ರೈವರ್ ನನ್ನನ್ನು ಇಳಿಸಿದ. ನಿನಗೆ ಕಾಲಿನ ಮೇಲೆ ಹಿಡಿತ ಇಲ್ಲ ಎಂದ. ಇಪ್ಪತ್ತು ವರ್ಷದಲ್ಲಿ ಒಂದು ಕೋಳಿಯೂ ತನ್ನ ಟಯರಿಗೆ ಬಿದ್ದಿಲ್ಲ ಎಂದ. ಬಲಗಡೆಯ ಬಾಗಿಲು ತೆರೆದು ಕೂತ, ಎದುರಿಗೆ ಸ್ಟೇರಿಂಗ್ ಇಲ್ಲದ್ದು ಕಂಡು ಇಳಿದು ಎಡಗಡೆಗೆ ಬಂದ. ಕೈ ಮುಗಿದ. ಎರಡು ಸಲ ತುಳಿದು ಸೆಲ್ಫ್ ಹೊಡೆದ. ಆಮೇಲೆ ಇಂಜಿನಿನ ದನಿ ಪರೀಕ್ಷೆ ಮಾಡಲಿಕ್ಕೆಂದು ಇನ್ನೂ ಎರಡು ಸಲ ತುಳಿದ. ಆಫ್ ಮಾಡಿ ಕೀ ತಂದು ನನಗೆ ಕೊಟ್ಟು, ಇದು ಗಾಡಿಯೇ ಅಲ್ಲ ಎಂದ.

"ಕೀ ಇಲ್ಲಿ ಕೊಡು," ಎಂದರು ಬಾಯಮ್ಮ.

"ಬೇಡ ಅತ್ತಿಗೆ," ಎಂದರು ಪೊರ್ಬುಗಳು. "ಬೀಳಿಸ್ಲಿಕ್ಕೆ ಇನ್ನು ಅಡಿಗೆಕೋಣೆಯ ಗೋಡೆ ಒಂದು ಉಂಟು."

ಡ್ರೈವರ್ ನಕ್ಕ. ಕೀ ನನ್ನ ಕೈಯಲ್ಲಿತ್ತು. ಬಾಯಮ್ಮ, ಪೊರ್ಬುಗಳು ಇಬ್ಬರೂ ಕೈ ಚಾಚಿದ್ದರು. ನಾನು ಬಾಯಮ್ಮನ ಕೈಗೆ ಹಾಕಿದೆ. ಒಳ್ಳೆಯತನದಿಂದ ಅಲ್ಲ. ಅಂಗಳದಲ್ಲಿದ್ದ ಗಂಡಸರ ಕಾಲುಗಳ ಸರದಿ ಮುಗಿದಿತ್ತು.

ಬಾಯಮ್ಮ ಡ್ರೈವಿಂಗ್ ಕಲಿತದ್ದು ಕುವೈಟಿನಲ್ಲಿ, ಇಂಥದ್ದೇ ಗಾಡಿಯಲ್ಲಿ. ಕಾರ್ಬೊರೇಟರಿನ ಮುಖವನ್ನೇ ಅವರ ಕಾಲು ನೋಡಿರಲಿಲ್ಲ. ಕೂತರು, ಎರಡು ಕಾಲನ್ನೂ ಸೀಟಿನ ಬುಡಕ್ಕೆ ಎಳೆದುಕೊಂಡರು, ಕೈಗಡಿಯಾರ ನೋಡುತ್ತ ಕೀ ತಿರುಗಿಸಿದರು. ಸ್ಟಾರ್ಟ್ ಆದ ಮೇಲೆ ಒಂದು ಕೈ ಮಡಿಲಲ್ಲಿ, ಇನ್ನೊಂದರ ಗಡಿಯಾರ ಕಣ್ಣೆದುರಿಗೆ. ಯಾರದೋ ನಾಡಿ ಹಿಡಿದು ಕೂತ ಹಾಗೆ.

ಇಂಜಿನ್ ಕಿರುಚಿತು. ಇಳಿಯಿತು. ನಡುಗುವಷ್ಟು ಇಳಿಯಿತು. ಒಮ್ಮೆ ಕೆಮ್ಮಿತು. ಆಗ ನೋಡಿದೆ, ನನ್ನ ಬಲಗಾಲು ಅಂಗಳದ ಮಣ್ಣನ್ನು ಒತ್ತುತ್ತಿತ್ತು. ಡ್ರೈವರಿನ ಕಾಲೂ ಒತ್ತುತ್ತಿತ್ತು. ಗಾಡಿ ಓಡಿಸಲು ಬಾರದ ಪೊರ್ಬುಗಳ ಕಾಲು ಕೂಡ.

"ಆಫ್ ಆಗ್ತದೆ ಬಾಯಮ್ಮ, ಸ್ವಲ್ಪ ಕೊಡಿ," ಎಂದೆ.

"ಆಗ್ಲಿ," ಎಂದರು. "ನೀನು ಮಾತಾಡ್ಬೇಡ."

ಆಫ್ ಆಗಲಿಲ್ಲ. ಕೆಮ್ಮಿದ ಇಂಜಿನ್ ಸ್ವಲ್ಪ ಮೇಲೆ ಬಂತು, ಪುನಃ ಇಳಿಯಿತು, ಪುನಃ ಬಂತು. ಪ್ರತಿ ಸಲ ಏರುವುದೂ ಇಳಿಯುವುದೂ ಕಡಿಮೆಯಾಗುತ್ತ ಹೋಯಿತು. ಕೊನೆಗೆ ಒಂದು ಕಡೆ ನಿಂತಿತು. ಹತ್ತು ನಿಮಿಷ ಆಗುವಾಗ ಓಡುತ್ತಿದೆಯೋ ಇಲ್ಲವೋ ಎಂದು ಬಾನೆಟಿಗೆ ಕೈ ಇಟ್ಟು ನೋಡಬೇಕಿತ್ತು.

ಬಾಯಮ್ಮ ಬ್ರೇಕ್ ಒತ್ತಿ ಗೇರು ಹಾಕಿದರು. ಡ್ರೈವರ್ ಹಂದಿಗೂಡಿನ ಕಡೆಯಿಂದ ಈಚೆಗೆ ಸರಿದ. ಅವರು ಬ್ರೇಕ್ ಬಿಟ್ಟರು. ಕಾರು ಗರ್ಭಿಣಿ ಹಸುವಿನ ಹಾಗೆ ನಡೆದುಕೊಂಡು ಅಂಗಳ ದಾಟಿತು. ಗೇಟಿನ ಹೊರಗೆ ಹೋಗಿ ರೋಡು ಹಿಡಿಯಿತು.

ಅಂಗಳದಲ್ಲಿ ಮೂರು ಜನ ಉಳಿದೆವು. ಪೊರ್ಬುಗಳು ನನ್ನನ್ನು ನೋಡಿದರು. ಏನಾದರೂ ಹೇಳಲೇಬೇಕಿತ್ತು.

"ಅವತ್ತು ನಾನು ಕೊಡುವಾಗಲೇ ಅದು ರೇಸಿನಲ್ಲಿ ಇತ್ತು ಪೊರ್ಬುಗಳೇ. ಬಾಯಮ್ಮನ ಕಾಲಿನದ್ದಲ್ಲ. ತೊಳೆದು ಹಾಗೇ ಬಿಟ್ಟದ್ದು ನಾನು."

"ಮತ್ತೆ ಅವತ್ತು ಕಾಲಿನದ್ದು ಅಂದದ್ದು?"

"ನೀವು ಹಾಗೆ ಕೇಳಿದ್ರಿ."

ಅವರು ಕೋಪ ಮಾಡಿಕೊಳ್ಳುತ್ತಾರೆ ಎಂದು ಕಾದೆ. ಅವರು ಯೋಚಿಸಿದರು. ಈ ಮಾತನ್ನು ಇನ್ನು ಯಾರ ಹತ್ತಿರವೂ ಹೇಳುವುದು ಬೇಡ ಎಂದರು. ನನ್ನ ಗ್ಯಾರೇಜಿನ ಹೆಸರು ಹಾಳಾಗುತ್ತದಂತೆ. ನನ್ನ ಗ್ಯಾರೇಜಿನ ಮೇಲೆ ಅವರಿಗೆ ಅಷ್ಟು ಪ್ರೀತಿ ಉಂಟೆಂದು ಅಲ್ಲಿಯವರೆಗೆ ನನಗೆ ಗೊತ್ತಿರಲಿಲ್ಲ. ಬಾಯಮ್ಮನ ಹತ್ತಿರ ನಾನೇ ಹೇಳುತ್ತೇನೆ ಎಂದೆ. ಅತ್ತಿಗೆಗೆ ಗೊತ್ತುಂಟಲ್ಲ ಎಂದರು. ಅದು ನಿಜ. ಗೊತ್ತಿಲ್ಲದವರ ಹಾಗೆ ಇದ್ದದ್ದು ನಾವಿಬ್ಬರೇ.

ಡ್ರೈವರ್ ತನ್ನ ಕೆಲಸದ ವಿಷಯ ಕೇಳಿದ. ಪೊರ್ಬುಗಳು ಚಾ ಕುಡಿಯುತ್ತೀಯಾ ಎಂದು ಕೇಳಿದರು. ಅವನು ಬೇಡ ಎಂದು ಬಸ್ಸಿಗೆ ಹೋದ.

ಅರ್ಧ ಗಂಟೆ ಕಳೆದು ಕಾರು ಬಂತು. ಮಧೂರಿನವರೆಗೆ ಹೋಗಿ ತಿರುಗಿಸಿಕೊಂಡು ಬಂದದ್ದಂತೆ, ದಾರಿಯಲ್ಲಿ ನಾಲ್ಕು ಕಡೆ ನಿಲ್ಲಿಸಿ ನೋಡಿದರಂತೆ, ಎಲ್ಲೂ ಆಫ್ ಆಗಲಿಲ್ಲವಂತೆ. ಶೆಡ್ಡಿಗೆ ಹಾಕಿ ಇಳಿದರು. ಪೊರ್ಬುಗಳು ಅಭ್ಯಾಸದ ಹಾಗೆ ಕೈ ಮುಂದೆ ಮಾಡಿದರು. ಬಾಯಮ್ಮ ಆ ಕೈಯನ್ನು ನೋಡಿದರು. ಕೀಯನ್ನು ತಮ್ಮ ಪರ್ಸಿನೊಳಗೆ ಹಾಕಿ ಜಿಪ್ ಎಳೆದರು.

"ನಾಳೆ ಏಳು ಗಂಟೆಗೆ ನಾನು ಮಂಗಳೂರಿಗೆ ಹೋಗ್ತೇನೆ," ಎಂದರು ಪೊರ್ಬುಗಳಿಗೆ. "ಬರುವುದಾದ್ರೆ ಹಿಂದೆ ಕೂತ್ಕೋ."

ಪೊರ್ಬುಗಳು ಚಾಚಿದ ಕೈಯನ್ನು ಖಾಲಿ ಕಿಸೆಗೆ ಹಾಕಿಕೊಂಡರು. ಆಮೇಲೆ ಹೋಗಿ ಗೇಟು ಹಾಕಿದರು.