ಮುಚ್ಚಳಕ್ಕೆ ಕಿವಿಯಿಡುವ ಅತ್ತೆ

ಅತ್ತೆ ಬೀಫ್ ಸ್ಯಾಂಡ್‌ವಿಚ್ ಮಾಡುವ ದಿನ ಮನೆಯ ಗಡಿಯಾರಕ್ಕೂ ಬೆಲೆಯಿಲ್ಲವೆಂಬುದು ಸೊಸೆಯ ಅನುಭವ. ಬೆಳಗ್ಗೆ ಮಾಂಸ, ಈರುಳ್ಳಿ, ಕರಿಮೆಣಸನ್ನು ದಿನವಿಡೀ ನಿಧಾನಕ್ಕೆ ಬೇಯಿಸುವ ಕರೆಂಟಿನ ಸ್ಲೋ ಕುಕ್ಕರಿಗೆ ಹಾಕಿ ಮುಚ್ಚಿದರೆ ಮುಗಿಯಿತು. ಆಮೇಲೆ ಮುಚ್ಚಳ ಮುಟ್ಟಿದವರ ಜನ್ಮ ಜಾಲಾಡುತ್ತಾರೆ. ಬೆಂದಿದೆಯೋ ಇಲ್ಲವೋ ಎಂಬುದನ್ನು ಕಿವಿಯಿಟ್ಟೇ ಹೇಳುವುದು: "ನಿಮ್ಮ ಮಾವ ಇನ್ನೂ ಗೊಣಗ್ತಿದಾರೆ, ತೆಗೀಬೇಡ." ತೀರಿಕೊಂಡ ಮಾವ ಹಸಿದಾಗ ಥೇಟ್ ಈ ಕುದಿಯುವ ಸದ್ದಿನ ಹಾಗೇ ಗೊಣಗುತ್ತಿದ್ದರಂತೆ. ಕಾದು ಕಾದು ಮಕ್ಕಳು ಬರೀ ಬ್ರೆಡ್ಡು ತಿಂದು ಮಲಗಿದ್ದೂ ಉಂಟು. ಇವತ್ತು ಹಸಿವು ತಾಳಲಾರದೆ ಸೊಸೆಯೇ ಮುಚ್ಚಳಕ್ಕೆ ಕೈಹಾಕಿದಳು. ಪಾತ್ರೆ ತಣ್ಣಗೆ ಕೊರೆಯುತ್ತಿತ್ತು. ನೋಡಿದರೆ ಪ್ಲಗ್ಗೇ ಹಾಕಿರಲಿಲ್ಲ. ಬಗ್ಗಿ ಕಿವಿಯಿಟ್ಟಳು. ಒಳಗೆ ಗೊಣಗಾಟ ನಡೆದೇ ಇತ್ತು. "ಆಯ್ತೇನೇ?" ಎಂದು ಅತ್ತೆ ಕೋಣೆಯಿಂದ ಕೇಳಿದರು. ಸೊಸೆ ಮೆಲ್ಲಗೆ ಕೈ ಹಿಂದಕ್ಕೆಳೆದುಕೊಂಡು, "ಇಲ್ಲ ಅತ್ತೆ, ಮಾವ ಇನ್ನೂ ಗೊಣಗ್ತಿದಾರೆ" ಎಂದಳು.