ಕೈಗೆ ಸಿಗದ ರುಕ್ಲಿಬಾಯಿ

ಸವಳಂಗದ ಬಸ್ ಸ್ಟಾಪಿನ ಎದುರಿಗೆ ನಮ್ಮದೊಂದು ಸಣ್ಣ ಟೀ ಹೋಟೆಲು. ಆ ಬೆಳಿಗ್ಗೆ ಅಲ್ಲಿದ್ದವರು ಇಷ್ಟೇ ಜನ: ಒಲೆಯ ಮುಂದೆ ನಾನು, ಬಜ್ಜಿಗೆ ಮೆಣಸಿನಕಾಯಿ ಸೀಳುತ್ತ ನನ್ನ ಹೆಂಡತಿ ಶಮೀಮ್, ಹೊರಗಿನ ಬೆಂಚಿನ ಮೇಲೆ ಕೊರಳಲ್ಲಿ ಮಾಲೆ ಹಾಕಿಕೊಂಡ ಮೂವರು ಗಂಡಸರು, ಒಳಗೆ ಸೌದೆ ರಾಶಿಯ ಹಿಂದೆ ಕುಕ್ಕುರುಗಾಲಲ್ಲಿ ಕೂತು ಬನ್ನು ತಿನ್ನುತ್ತಿದ್ದ ರುಕ್ಲಿಬಾಯಿ. ತೋಳಿನ ಬಳೆಗಳು ಸದ್ದು ಮಾಡದಿರಲೆಂದು ಅವನ್ನೆಲ್ಲ ಮೊಣಕೈತನಕ ಒತ್ತಿಕೊಂಡಿದ್ದಳು.

"ಇಮಾಮಣ್ಣ, ರುಕ್ಲಿಬಾಯಿ ಈ ಕಡೆ ಬಂದಿದ್ಲೇನ್ರಿ?" ಮೂವರಲ್ಲಿ ಒಬ್ಬ ಕೇಳಿದ.

"ಕಂಡಿಲ್ಲಪ್ಪ" ಎಂದೆ.

"ತಾಂಡಾಕ್ಕೆ ಹೋದ್ರೆ ಹೊನ್ನಾಳಿಗೆ ಹೋಗ್ಯಾಳೆ ಅಂದ್ರು. ಹೊನ್ನಾಳಿಗೆ ಹೋದ್ರೆ ಜಗಳೂರಿಗೆ ಹೋದ್ಲು ಅಂದ್ರು. ಆಕೆ ಹೆಣ್ಮಗಳೋ, ಸರ್ಕಾರಿ ಬಸ್ಸೋ?"

ಸೌದೆಯ ಹಿಂದೆ ಕಿಸಕ್ಕೆಂದ ಸದ್ದಾಯಿತು. ಶಮೀಮ್ ಜೋರಾಗಿ ಕೆಮ್ಮಿ ಅದನ್ನು ಮುಚ್ಚಿದಳು.

ಆ ಮೂವರು ಬಂದಿದ್ದದ್ದು ಮಾಲೆ ತೆಗೆಸಿಕೊಳ್ಳುವುದಕ್ಕೆ. ನಮ್ಮ ಕಡೆ ಸೂರಗೊಂಡನಕೊಪ್ಪಕ್ಕೆ ಲಂಬಾಣಿಗರ ಗುರು ಸೇವಾಲಾಲರ ದರ್ಶನಕ್ಕೆ ಹೋಗುವವರು ಮಾಲೆ ಹಾಕಿ ವ್ರತ ಹಿಡಿಯುತ್ತಾರೆ. ಕೊರಳಲ್ಲಿ ಮಾಲೆ ಇರುವಷ್ಟು ದಿನ ಹೆಂಡ ಮುಟ್ಟುವುದಿಲ್ಲ, ಬೀಡಿಯನ್ನೂ ಸೇದುವುದಿಲ್ಲ. ರುಕ್ಲಿಬಾಯಿಯ ಗಂಡ ವರ್ಷಾ ವರ್ಷಾ ಮಾಲೆ ಹಾಕುತ್ತಿದ್ದ. ವ್ರತದಲ್ಲಿ ಅವನಂಥ ದೇವರಂಥ ಮನುಷ್ಯ ಇನ್ನೊಬ್ಬನಿಲ್ಲ. ಮಾಲೆ ಇಳಿಸಿದ ಸಂಜೆಯೇ ಬಾಕಿ ತೀರಿಸುವವನಂತೆ ಕುಡಿಯುತ್ತಿದ್ದ. ಹಾಗೇ ಒಂದು ವರ್ಷ ಕುಡಿದು ಮಲಗಿದವನು ಏಳಲಿಲ್ಲ.

ಅದಾದ ಮೇಲೆ ಆಕೆ ತನ್ನದೇ ಒಂದು ಕಟ್ಟಳೆ ಮಾಡಿಕೊಂಡಳು. ಕುಡಿತ ಬಿಡಬೇಕೆಂದು ಬಂದವರಿಗೆ ತಾನೇ ಮಾಲೆ ಹಾಕುವಳು. "ನಾ ಹಾಕಿದ್ದು ನಾನೇ ತೆಗೀಬೇಕು. ಬ್ಯಾರೆ ಯಾರು ತೆಗೆದ್ರೂ ನಂಗೆ ಸರಿ ಬರಂಗಿಲ್ಲ" ಎಂದು ಮಾತು ತೆಗೆದುಕೊಳ್ಳುವಳು. ಆಮೇಲೆ ಆಕೆಯ ಕೆಲಸ ಒಂದೇ, ಅವರ ಕೈಗೆ ಸಿಗದಿರುವುದು. ಚನ್ನಗಿರಿಯಲ್ಲಿ ತಂಗಿಯ ಮನೆ, ಹೊನ್ನಾಳಿಯಲ್ಲಿ ಮಗಳ ಮನೆ, ಜಗಳೂರಲ್ಲಿ ಯಾವುದೋ ದೂರದ ನಾದಿನಿ. ಎಲ್ಲೂ ಆಗದಿದ್ದರೆ ನಮ್ಮ ಸೌದೆ ರಾಶಿ. ಅಪ್ಪಿತಪ್ಪಿ ದಾರಿಯಲ್ಲಿ ಯಾರಾದರೂ ಹಿಡಿದರೆ, "ಇವತ್ತು ನಂಗೆ ಸೊಂಟ ನೋವು, ಕೈ ಎತ್ತಾಕೆ ಬರಂಗಿಲ್ಲ. ನಾಳೆ ನೋಡಾನ" ಎನ್ನುವಳು. ನಾಳೆ ಹೊತ್ತಿಗೆ ಆಕೆ ನ್ಯಾಮತಿಯಲ್ಲಿ. ಹೀಗೆ ನಾಳೆ ನಾಳೆ ಎಂದು ಅಲೆಯುತ್ತ ಎಷ್ಟೋ ಜನ ಕುಡಿಯುವುದನ್ನೇ ಮರೆತರು. ಕೆಲವರು ಬೈದು ತಾವೇ ಕಿತ್ತು ಹಾಕಿದರು. ಅಂಥವರು ಎದುರು ಸಿಕ್ಕರೆ ಆಕೆಯೇ ಮೊದಲು ಮಾತಾಡಿಸುವಳು, "ಉಂಡ್ಯೇನಪ್ಪ?" ಎಂದು.

ಹಗಲೆಲ್ಲ ಬಸ್ ಸ್ಟಾಪಿನಲ್ಲಿ ಬೇಯಿಸಿದ ಶೇಂಗಾ ಮಾರುವಳು. ನಮ್ಮ ಹೋಟೆಲಿನ ಟೀಯನ್ನು ಕುಡಿಯದೆ ಇರುವವಳಲ್ಲ, ಬೈಯದೆ ಕುಡಿಯುವವಳೂ ಅಲ್ಲ. "ಏ ಸಾಬ, ಹಾಲು ತೋರ್ಸಿ ಒಳಗೆ ಇಟ್ಕೊಂಡ್ಯೇನು?" ಎಂದು ಗ್ಲಾಸನ್ನು ಬೆಳಕಿಗೆ ಹಿಡಿದು ನೋಡುವಳು.

ಈ ಆಟವನ್ನೆಲ್ಲ ನಗುತ್ತ ನೋಡುತ್ತಿದ್ದ ನಮ್ಮ ಮನೆಗೇ ಒಂದು ದಿನ ಆಕೆ ಬೇಕಾದಳು.

ನಮ್ಮಣ್ಣ ದಸ್ತಗೀರ್ ಚನ್ನಗಿರಿಯಿಂದ ಅಡಿಕೆ ಮೂಟೆ ಸಾಗಿಸುವ ಲಾರಿಯ ಡ್ರೈವರ್. ಹಗ್ಗ ಬಿಗಿಯುವಾಗ ಲಾರಿಯ ಮೇಲಿಂದ ಜಾರಿ ಬಿದ್ದು ಬೆನ್ನಿಗೆ ಪೆಟ್ಟಾಯಿತು. ಡಾಕ್ಟರು ಕೆಲವು ದಿನಕ್ಕೆಂದು ನೋವಿನ ಮಾತ್ರೆ ಬರೆದುಕೊಟ್ಟರು. ನೋವು ಹೋಯಿತು, ಮಾತ್ರೆ ಹೋಗಲಿಲ್ಲ. ಚೀಟಿ ಇಲ್ಲದೆ ಕೊಡುವ ಅಂಗಡಿಗಳನ್ನು ಹುಡುಕಿಕೊಂಡ. ಯಾರಿಗೂ ಅನುಮಾನ ಬರಬಾರದೆಂದು ಇವತ್ತು ಚನ್ನಗಿರಿ, ನಾಳೆ ಹೊನ್ನಾಳಿ. ಬೆಳಿಗ್ಗೆ ಒಂದಿಷ್ಟು ನುಂಗಿದರೇ ಮನುಷ್ಯ ಏಳುತ್ತಿದ್ದ, ಇನ್ನಷ್ಟು ನುಂಗಿದರೆ ಎಲ್ಲೆಂದರಲ್ಲಿ ತೂಕಡಿಸುತ್ತಿದ್ದ. ಸ್ಟೇರಿಂಗ್ ಹಿಡಿದೇ ತೂಕಡಿಸಿದ್ದನ್ನು ಕ್ಲೀನರ್ ಹೇಳಿದ ಮೇಲೆ ಮಾಲೀಕರು ಲಾರಿಯಿಂದ ಇಳಿಸಿದರು. ಅವನ ಹೆಂಡತಿ, ನಮ್ಮ ಭಾಬಿ, ಮಕ್ಕಳನ್ನು ಕರೆದುಕೊಂಡು ಹೊನ್ನಾಳಿಯ ತವರಿಗೆ ಹೊರಟಳು. "ಮಾತ್ರೆ ಬಿಟ್ಟ ದಿನ ಬರ್ತೀನಿ, ಇಲ್ಲಾಂದ್ರೆ ಇಲ್ಲ" ಎಂದು ನನಗೆ ಹೇಳಿ ಹೋದಳು, ಅವನಿಗೆ ಹೇಳಲಿಲ್ಲ.

ನಾನು ಅಣ್ಣನನ್ನು ರುಕ್ಲಿಬಾಯಿಯ ಮುಂದೆ ಕೂರಿಸಿದೆ.

"ಸಾಬ್ರಿಗೆ ಮಾಲಿ ಹೆಂಗೆ ಹಾಕ್ತೀಯವ್ವ?" ಎಂದು ಅಣ್ಣ ಬಿಂಕ ಮಾಡಿದ.

"ಮಾಲಿ ಯಾಕೆ? ಆ ಕೈಯಾಗಿಂದು ಬಿಚ್ಚು" ಎಂದು ಅವನ ಗಡಿಯಾರ ತೋರಿಸಿದಳು. ನಿಕಾಹದಲ್ಲಿ ಮಾವ ಕೊಟ್ಟ ಗಡಿಯಾರ ಅದು. "ಇದು ನನ್ನತ್ರ ಇರ್ಲಿ. ನೀ ಮಾತ್ರೆ ನುಂಗಬೇಕು ಅನ್ನಿಸಿದ್ರೆ ಮೊದ್ಲು ನನ್ನ ಹುಡುಕಿ ಇದನ್ನ ಇಸ್ಕೊ, ಆಮ್ಯಾಲೆ ನುಂಗು. ಇವತ್ತಿಂದ ಒಂದೂ ಇಲ್ಲ. ತಿಳೀತಾ?"

ಅಣ್ಣ ಮಾತು ಕೊಟ್ಟ. ಜೇಬಿನಲ್ಲಿದ್ದ ಮಾತ್ರೆಯನ್ನೆಲ್ಲ ನಮ್ಮ ಒಲೆಗೆ ಹಾಕಿದ. ಎರಡು ದಿನ ಬೆವರಿದ, ನಡುಗಿದ, ನಿದ್ದೆ ಮಾಡಲಿಲ್ಲ. ಆಕೆಯನ್ನು ಹುಡುಕಿಕೊಂಡು ನ್ಯಾಮತಿತನಕ ಹೋಗಿ ಬರಿಗೈಲಿ ಬಂದ. ಮಾರನೆಯ ಬೆಳಿಗ್ಗೆ ನಮ್ಮ ಹೋಟೆಲಿನ ನಲ್ಲಿಯ ಹತ್ತಿರ ಮುಖ ತೊಳೆಯುತ್ತಿದ್ದವನು ಮರದಂತೆ ಸೆಟೆದು ಬಿದ್ದ. ಕಣ್ಣು ಮೇಲಕ್ಕೆ ಹೋಗಿತ್ತು, ಬಾಯಲ್ಲಿ ನೊರೆ. ಯಾರೋ ಓಡಿ ಬಂದು ಕೀಲಿಕೈ ಗೊಂಚಲನ್ನು ಅವನ ಅಂಗೈಗೆ ಒತ್ತಿದರು. ಸೌದೆಯ ಹಿಂದಿನಿಂದ ರುಕ್ಲಿಬಾಯಿ ಎದ್ದು ಬಂದಳು. ಅಷ್ಟು ಹೊತ್ತೂ ಅಲ್ಲೇ ಅಡಗಿದ್ದಳು. ರಸ್ತೆಗೆ ಅಡ್ಡ ನಿಂತು ಒಂದು ಕಾರನ್ನು ನಿಲ್ಲಿಸಿದವಳು ಆಕೆಯೇ.

ಶಿವಮೊಗ್ಗದ ಆಸ್ಪತ್ರೆಯಲ್ಲಿ ಡಾಕ್ಟರಮ್ಮ ಎಲ್ಲ ಕೇಳಿಕೊಂಡು, "ಒಂದೇ ಸಲ ನಿಲ್ಲಿಸಿ ಅಂತ ಇವರಿಗೆ ಯಾರು ಹೇಳಿದ್ದು?" ಎಂದರು.

"ನಾನೇ ಕಣವ್ವ" ಎಂದಳು ಜೊತೆಗೇ ಬಂದಿದ್ದ ರುಕ್ಲಿಬಾಯಿ.

ಡಾಕ್ಟರಮ್ಮ ಬೈಯಲಿಲ್ಲ. ಸ್ಟೂಲು ಎಳೆದು ಆಕೆಯನ್ನು ಕೂರಿಸಿದರು. "ನೋಡಿ ಅಮ್ಮ, ಇದು ಹಟದಿಂದ ಬಿಡೋದಲ್ಲ. ಮೈ ಇದಕ್ಕೆ ಹೊಂದಿಕೊಂಡು ಬಿಟ್ಟಿರುತ್ತೆ. ಅಟ್ಟದ ಮೇಲಿರೋರನ್ನ ಮೆಟ್ಟಿಲು ಮೆಟ್ಟಿಲಾಗಿ ಇಳಿಸಬೇಕು, ನೀವು ತಳ್ಳಿಬಿಟ್ರಿ. ಜಾಸ್ತಿ ಕುಡಿಯೋರಿಗೂ ಹಿಂಗೇ ಆಗುತ್ತೆ, ಕೆಲವರ ಜೀವಾನೇ ಹೋಗುತ್ತೆ. ಇದು ಕಾಯಿಲೆ. ಇಲ್ಲಿ ಔಷಧಿ ಇದೆ, ಕರೆದುಕೊಂಡು ಬನ್ನಿ."

ಹೊರಗೆ ವರಾಂಡದಲ್ಲಿ ಆಕೆ ಗೋಡೆಗೆ ಒರಗಿ ಕೂತಳು.

"ಇಮಾಮಪ್ಪ, ಇಷ್ಟು ವರ್ಷ ಮಾಲಿ ಹಾಕಿ ಕಳಿಸಿದ್ನಲ್ಲ. ಅವ್ರಾಗೆ ಯಾರಾರ ಮನ್ಯಾಗೆ ಹಿಂಗೇ ಬಿದ್ದಿದ್ರೋ ಏನೋ. ನಂಗೆ ಹೇಳಾಕೆ ಅಂತ ಬಂದಿದ್ರೂ ನಾ ಸಿಕ್ಕಿರಂಗಿಲ್ಲ."

ಟೀ ತಂದುಕೊಟ್ಟೆ. ಬೈಯದೆ ಕುಡಿದಳು.

ಅಣ್ಣನಿಗೆ ಎಚ್ಚರವಾದಾಗ ಗಡಿಯಾರ ತೆಗೆದು ಅವನ ಮುಂದೆ ಹಿಡಿದಳು. "ತಗಳಪ್ಪ. ನನ್ನ ಹಟಕ್ಕೆ ನಿನ್ನ ಜೀವ ಹೋಗ್ತಿತ್ತು." ಅಣ್ಣ ಕೈ ಚಾಚಲಿಲ್ಲ. "ಇಟ್ಕಳವ್ವ. ನಾನಿನ್ನೂ ಬಿಟ್ಟಿಲ್ಲಲ್ಲ" ಎಂದ.

ಆಸ್ಪತ್ರೆಯಿಂದ ಕಳಿಸುವಾಗ ಡಾಕ್ಟರಮ್ಮ, ಔಷಧಿ ಇವರ ಕೈಗೆ ಕೊಡಬೇಡಿ, ಮನೆಯವರು ಯಾರಾದರೂ ಹೊತ್ತು ಹೊತ್ತಿಗೆ ಕೊಡಿ ಎಂದರು. ಅಣ್ಣ ರುಕ್ಲಿಬಾಯಿಯ ಕಡೆ ಬೆರಳು ತೋರಿಸಿದ. ಅಲ್ಲಿಗೆ ಆಕೆಯ ಓಡಾಟ ನಿಂತಿತು. ಹೊತ್ತಿಗೆ ಸರಿಯಾಗಿ ಸಿಗಬೇಕಾಗಿತ್ತಲ್ಲ. ಬೆಳಗಾದರೆ ನಮ್ಮ ಬೆಂಚಿನ ಮೇಲೆ ಹಾಜರು, ಸಂಜೆಯೂ ಹಾಜರು. ಅಣ್ಣ ತಡ ಮಾಡಿದರೆ ಬಸ್ ಸ್ಟಾಪಿಗೆಲ್ಲ ಕೇಳುವಂತೆ ಕೂಗುವಳು. ಅವನು ಔಷಧಿ ನುಂಗಿ ಬಾಯಿ ಕಳೆದು ತೋರಿಸಬೇಕು. "ನಾಲಿಗೆ ಎತ್ತು. ನೀನು ಡ್ರೈವರ್ರು, ನಂಬಾಕಾಗಲ್ಲ."

ಆಮೇಲೆ ಮಾಲೆ ಕೇಳಿ ಬಂದವರನ್ನೆಲ್ಲ ಮೊದಲು ಬಸ್ಸು ಹತ್ತಿಸುವಳು. "ಮೊದ್ಲು ಡಾಕ್ಟ್ರು, ಆಮ್ಯಾಲೆ ನಾನು" ಎನ್ನುವುದು ಆಕೆಯ ಹೊಸ ಮಾತಾಯಿತು. ಹಿಂದೆ ಮಾಲೆ ಹಾಕಿಸಿಕೊಂಡವರ ಮನೆಗಳಿಗೂ ಹುಡುಕಿಕೊಂಡು ಹೋದಳು, ಯಾರಿಗೆ ಏನಾಗಿತ್ತು ಎಂದು ಕೇಳಿ ಬರಲು. ಕೆಲವು ಮನೆಗಳಿಂದ ಬಂದ ದಿನ ಶೇಂಗಾ ಮಾರದೆ ತಾಂಡಾಕ್ಕೆ ಹೋಗಿಬಿಡುತ್ತಿದ್ದಳು.

ಹೊನ್ನಾಳಿಯಲ್ಲಿ ಅಣ್ಣನಿಗೆ ಮಾತ್ರೆ ಕೊಡುತ್ತಿದ್ದ ಮೆಡಿಕಲ್ ಶಾಪಿಗೆ ನನ್ನನ್ನೂ ಎಳೆದುಕೊಂಡು ಹೋಗಿದ್ದಳು. ಕೌಂಟರಿಗೆ ಒರಗಿ ಸುಮ್ಮನೆ ನಿಂತಳು.

"ಏನು ಬೇಕಜ್ಜಿ?"

"ನಂಗೇನೂ ಬ್ಯಾಡ. ಚೀಟಿ ಇಲ್ದೆ ಬಂದೋರಿಗೂ ಏನೂ ಬ್ಯಾಡ."

"ಅದನ್ನ ಹೇಳಾಕೆ ನೀವ್ಯಾರು?"

"ನಾನಾ? ನಾನು ಶೇಂಗಾ ಮಾರಾಕಿ. ನನ್ನ ಶೇಂಗಾ ತಿಂದೋರು ಯಾರೂ ಲಾರಿ ಓಡಿಸ್ಕಂತ ನಿದ್ದಿ ಮಾಡಿಲ್ಲ."

ಮಧ್ಯಾಹ್ನತನಕ ಅಲ್ಲೇ ನಿಂತು ಬಂದವರನ್ನೆಲ್ಲ "ಚೀಟಿ ಐತೇನಪ್ಪ?" ಎಂದು ಕೇಳಿದಳು. ಮಾರನೆಯ ವಾರವೂ ಹೋದಳು. ಕೊನೆಗೆ ಅಂಗಡಿಯವನೇ ಕೈಮುಗಿದು, ಚೀಟಿ ಇಲ್ಲದೆ ಕೊಡುವುದಿಲ್ಲ ಎಂದ. ಕೊಡುವುದನ್ನು ನಿಲ್ಲಿಸಿದನೋ ಇಲ್ಲವೋ, ಅಣ್ಣನಿಗಂತೂ ಕೊಡಲಿಲ್ಲ.

ಅಣ್ಣ ಒಂದು ಸಲ ಜಾರಿದ. ಮಾಲೀಕರು ಮತ್ತೆ ಲಾರಿಗೆ ಕರೆದ ಮೇಲೆ ಜಗಳೂರಿಗೆ ಬಾಡಿಗೆ ಹೋದವನು ಅಲ್ಲಿ ಯಾರಿಂದಲೋ ಮಾತ್ರೆ ಇಸಿದುಕೊಂಡು ನುಂಗಿದ. ಬಂದವನು ಸೀದಾ ಬೆಂಚಿನ ಮುಂದೆ ನಿಂತು, "ಅವ್ವ, ತಗೊಂಡೆ" ಎಂದ. ನನಗೆ ಕೈಯಲ್ಲಿದ್ದ ಜರಡಿಯಿಂದ ಬಾರಿಸುವಷ್ಟು ಸಿಟ್ಟು ಬಂತು. ಆಕೆ ಶೇಂಗಾ ಬುಟ್ಟಿ ಶಮೀಮಳಿಗೆ ಕೊಟ್ಟು, ಸೆರಗು ಸರಿಮಾಡಿಕೊಂಡಳು. "ಬಂದು ಹೇಳ್ದ್ಯಲ್ಲ. ನಡಿ, ಶಿವಮೊಗ್ಗದ ಬಸ್ಸು ಬಂತು."

ಆ ವಿಷಯ ಭಾಬಿಗೆ ಹೇಳಬೇಡವೇ ಎಂದು ನಾನು ಕೇಳಿದ್ದಕ್ಕೆ, "ನಾನೇ ಫೋನ್ ಮಾಡಿ ಹೇಳೀನಿ. ಈಗ ಬರಬ್ಯಾಡ ಮಗಳೆ, ಅವ ಇನ್ನೊಂದಿಷ್ಟು ಗಟ್ಟಿ ಆಗ್ಲಿ ಅಂದೀನಿ" ಎಂದಳು. ಭಾಬಿ ಆ ವರ್ಷ ಬರಲಿಲ್ಲ. ಮುಂದಿನ ವರ್ಷ ಶಾಲೆ ಶುರುವಾಗುವ ಮುಂಚೆ, ಯಾರೂ ಕರೆಯದೆ, ಮಕ್ಕಳೊಂದಿಗೆ ಹೊನ್ನಾಳಿ ಬಸ್ಸಿನಿಂದ ಇಳಿದಳು. ರುಕ್ಲಿಬಾಯಿ ಗಡಿಯಾರವನ್ನು ಭಾಬಿಯ ಕೈಗೆ ಕೊಟ್ಟು, "ಚಾಬಿ ಕೊಟ್ಟು ಕೊಟ್ಟು ನನ್ನ ಬೆರಳು ಸವೆದ್ವು, ಇನ್ನು ನೀ ನೋಡ್ಕೊ" ಎಂದಳು.

ಹೋದ ಚಳಿಗಾಲ ಆಕೆ ಹಾಸಿಗೆ ಹಿಡಿದಳು. ಕೊನೆಯ ಸಲ ನೋಡಲು ತಾಂಡಾಕ್ಕೆ ಹೋದಾಗ ಫ್ಲಾಸ್ಕಿನಲ್ಲಿ ಟೀ ಒಯ್ದಿದ್ದೆ. ಗಟ್ಟಿ ಹಾಲಲ್ಲಿ ಮಾಡಿದ್ದೆ. ಎರಡು ಗುಟುಕು ಕುಡಿದು, "ಇಷ್ಟು ದಿನ ಇದನ್ನ ಯಾರಿಗೆ ಕೊಡ್ತಿದ್ದೆ?" ಎಂದು ಕೇಳಿದಳು. ಆ ವಾರವೇ ಹೋದಳು.

ಅದಾಗಿ ಕೆಲವು ತಿಂಗಳಾಗಿರಬೇಕು. ಚನ್ನಗಿರಿ ಕಡೆಯ ಒಬ್ಬ ಹೆಂಗಸು ಗಂಡನ ತೋಳು ಹಿಡಿದುಕೊಂಡು ಬಸ್ಸಿನಿಂದ ಇಳಿದು, ರುಕ್ಲಿಬಾಯಿ ಎಲ್ಲಿ ಸಿಗ್ತಾರೆ ಎಂದು ಕೇಳಿದಳು. ತೀರಿಕೊಂಡರು ಎಂದೆ. ಆಕೆ ಅಲ್ಲೇ ಬೆಂಚಿನ ಮೇಲೆ ಕುಸಿದಳು. ಗಂಡನ ಕೈ ನಡುಗುತ್ತಿತ್ತು.

ಊಟಕ್ಕೆ ಬಂದಿದ್ದ ಅಣ್ಣ ತಟ್ಟೆ ಬಿಟ್ಟು ಎದ್ದು ಹೋಗಿ ಅವನ ಪಕ್ಕ ಕೂತ.

"ಏನು ತಗಂತೀಯಪ್ಪ? ಎಣ್ಣೆನೋ, ಮಾತ್ರೆನೋ?"

"ಎಣ್ಣೆ. ನಿನ್ನೆಯಿಂದ ಬಿಟ್ಟೀನಿ."

"ಆಸ್ಪತ್ರೆಗೆ ಹೋಗಿದ್ಯಾ?"

"ಇಲ್ಲ."

ಅಣ್ಣ ಲಾರಿಯ ಕೀಲಿಯನ್ನು ಗಲ್ಲಾದ ಮೇಲಿಟ್ಟ. "ಮಾಲೀಕರು ಬಂದ್ರೆ ಕೊಡು" ಎಂದು ನನಗೆ ಹೇಳಿ, ಗಂಡ ಹೆಂಡತಿ ಇಬ್ಬರನ್ನೂ ಕರೆದುಕೊಂಡು ಶಿವಮೊಗ್ಗದ ಬಸ್ಸು ಹತ್ತಿದ.

ಸಂಜೆ ಒಬ್ಬನೇ ಬಂದ. "ಅಡ್ಮಿಟ್ ಮಾಡ್ಕಂಡ್ರು" ಎಂದು ಹೇಳಿ, ಕೈ ತೊಳೆದುಕೊಂಡು, ಮಧ್ಯಾಹ್ನ ಬಿಟ್ಟು ಹೋಗಿದ್ದ ಊಟಕ್ಕೆ ಕೂತ.